ಜೂಬಲ್ ಸ್ವೆಕರನ ಮುಂದಿನ ಹಲ್ಲು

ಲಾರೆಲ್ ಗ್ಯಾಪ್ ಊರಲ್ಲಿ ಗಡಿಯಾರ ಇಟ್ಕೊಂಡೋರು ಕಮ್ಮಿ. ಇದ್ದ ಒಂದೆರಡು ಗಡಿಯಾರಾನೂ ಗೋಡೆಗೆ ಅಲಂಕಾರ ಅಷ್ಟೇ. ಹೊತ್ತು ಹೇಳೋಕೆ ಜೂಬಲ್ ಸ್ವೆಕರ್ ಇದ್ದನಲ್ಲ. ಗುಡ್ಡದ ಮೇಲಿನ ಮಿಲಿಟರಿ ಕಾಲೇಜಲ್ಲಿ ಬ್ಯೂಗಲ್ ಊದೋನು ಅವನು. ಬೆಳಿಗ್ಗೆ ಏಳೋ ಕರೆ, ಪಾಠದ ಕರೆ, ಕವಾಯತಿನ ಕರೆ, ಹೊತ್ತು ಮುಳುಗಿದಾಗ ಬಾವುಟ ಇಳಿಸೋ ಕರೆ, ಆಮೇಲೆ ಊಟದ ಕರೆ. ಕಾಲೇಜಿನ ಹುಡುಗರು ಮಾತ್ರ ಅಲ್ಲ, ಇಡೀ ಊರೇ ಅದಕ್ಕೆ ತಕ್ಕಂಗೆ ನಡೀತಿತ್ತು. ಬಾವುಟದ ಕರೆ ಕೇಳಿದ್ರೆ ಹಸುಗಳು ತಾವಾಗೇ ಕೊಟ್ಟಿಗೆ ಸೇರ್ಕೊಳ್ತಿದ್ವು. ಹುಂಜಗಳಂತೂ ಕೂಗೋದನ್ನೇ ಬಿಟ್ಟಿದ್ವು, ಆ ಕೆಲಸಕ್ಕೆ ಸಂಬಳದ ಮನುಷ್ಯ ಇದಾನೆ, ನಾವ್ಯಾಕೆ ಗಂಟ್ಲು ಹರ್ಕೊಳ್ಳೋದು ಅಂತ. ಅನುಮಾನ ಇದ್ರೆ ಊರಲ್ಲಿ ಯಾರನ್ನ ಬೇಕಾದ್ರೂ ಕೇಳಿ. ಹುಂಜಗಳನ್ನ ಮಾತ್ರ ಕೇಳ್ಬೇಡಿ, ಅವಕ್ಕೆ ಇನ್ನೂ ನಾಚ್ಕೆ ಹೋಗಿಲ್ಲ.

ಜೂಬಲ್ ಹುಟ್ಟಿದ್ದು ದೋಣಿ ಮೇಲೆ. ಅವನಪ್ಪ ವರ್ಜೀನಿಯಾದ ಹಳೇ ಕಾಲುವೆಯಲ್ಲಿ ಹಿಟ್ಟಿನ ಮೂಟೆ ಸಾಗಿಸೋನು. ದಡದಲ್ಲಿ ಹೇಸರಗತ್ತೆ ದೋಣಿ ಎಳ್ಕೊಂಡು ಹೋಗೋದು, ದೋಣಿ ಮೂತಿ ಮೇಲೆ ಮಗ ಕೂತ್ಕೊಂಡು ತಗಡಿನ ಕೊಂಬು ಊದೋನು. ಮುಂದೆ ಕಾಲುವೆ ಬಾಗಿಲು ಕಾಯೋನು ನಿದ್ದೆಯಿಂದ ಎದ್ದು ಬಾಗಿಲು ತೆಗೀಲಿ ಅಂತ. ಒಂದ್ಸಲ ಜೂಬಲ್ ಊದಿದ ರಭಸಕ್ಕೆ ಮುಂದಿನ ಮೂರು ಬಾಗಿಲೂ ಒಟ್ಟಿಗೇ ತೆರ್ಕೊಂಡು, ನೀರಿನ ಸೆಳೆತಕ್ಕೆ ದೋಣಿಯೇ ಹೇಸರಗತ್ತೇನ ಎಳ್ಕೊಂಡು ಹೋಯ್ತು ಅಂತ ಅವನು ಹೇಳ್ತಿದ್ದ. ಹೇಸರಗತ್ತೆ ಸತ್ತು ಬಹಳ ವರ್ಷ ಆಗಿತ್ತು, ಹಂಗಾಗಿ ಸಾಕ್ಷಿ ಇಲ್ಲ. ಆಮೇಲೆ ರೈಲು ಬಂತು, ಕಾಲುವೆ ಒಣಗ್ತು. ಜೂಬಲ್‌ಗೆ ಕೈಯಲ್ಲಿ ಯಾವ ವಿದ್ಯೆಯೂ ಇರ್ಲಿಲ್ಲ, ಇದ್ದಿದ್ದೆಲ್ಲ ತುಟಿಯಲ್ಲಿ. ಆ ತುಟಿ ಹೊತ್ಕೊಂಡು ಕಾಲೇಜಿನ ಗುಡ್ಡ ಹತ್ತಿದ. ಹುಡುಗರು ಅವನನ್ನ ‘ಸಾರ್ಜೆಂಟ್’ ಅಂತ ಕರೀತಿದ್ರು. ಯಾವ ಸೈನ್ಯದಲ್ಲೂ ಅವನು ಸಾರ್ಜೆಂಟ್ ಆಗಿರ್ಲಿಲ್ಲ, ಆದ್ರೆ ಕರೆದ್ರೆ ಬೇಡ ಅಂತಾನೂ ಅಂದಿರ್ಲಿಲ್ಲ.

ಹೆಂಡತಿ ಓರ್ಲೀನಾ ಕಾಲೇಜಿನ ಅಡುಗೆಮನೆಯಲ್ಲಿ ಬ್ರೆಡ್ಡು, ಹಿಟ್ಟಿನ ಪದರದೊಳಗೆ ಹಣ್ಣು ತುಂಬಿದ ಪೈ ಸುಡೋಳು. ಅವಳ ಸೇಬಿನ ಪೈ ತಿಂದೋರು ಮನೆಗೆ ಹೋಗಿ ಅಮ್ಮನ ಅಡುಗೆಗೆ ಮುಖ ಸಿಂಡರಿಸ್ತಿದ್ರಂತೆ. ರಜೆ ಮುಗಿದ್ಮೇಲೆ ಅಮ್ಮಂದಿರಿಂದ ಬೈಗುಳ ಬರೋದು ಓರ್ಲೀನಾಗೆ.

ಈಗ ಹಲ್ಲಿನ ವಿಷಯ. ಬ್ಯೂಗಲಿಗೆ ಗುಂಡಿ ಇಲ್ಲ, ತೂತಿಲ್ಲ. ಅದರಲ್ಲಿ ಬರೋದೇ ಬೆರಳೆಣಿಕೆಯಷ್ಟು ಸ್ವರ, ಅದೂ ಎಲ್ಲ ತುಟಿಯ ಬಿಗಿಯಲ್ಲಿ. ತುಟಿಗೆ ಒತ್ತಾಸೆಯಾಗಿ ಹಿಂದೆ ಮುಂದಿನ ಹಲ್ಲು ಇರ್ಬೇಕು, ಗೋಡೆ ಇದ್ದಂಗೆ. ಜೂಬಲ್ ಗೋಡೆಯಲ್ಲಿ ಒಂದು ಇಟ್ಟಿಗೆ ಹೇಸರಗತ್ತೆ ಒದ್ದು ಹೋಗಿತ್ತು, ಇನ್ನೊಂದು ಗಟ್ಟಿ ವಾಲ್‌ನಟ್ ಕಾಯಿ ಕಡಿಯೋಕೆ ಹೋಗಿ ಮುರಿದಿತ್ತು, ಇನ್ನು ಕೆಲವು ಯಾರಿಗೂ ಹೇಳದೆ ಕೇಳದೆ ಹೋಗಿದ್ವು. ಮೇಲ್ಗಡೆ ನಟ್ಟನಡುವೆ ಉಳಿದಿದ್ದು ಒಂದೇ ಒಂದು. ಸಾವಿರದ ಒಂಬೈನೂರ ಎಂಟನೇ ಇಸವಿ ಸೆಪ್ಟೆಂಬರಲ್ಲಿ ಅದೂ ಅಲ್ಲಾಡೋಕೆ ಶುರುವಾಯ್ತು.

ಕಟ್ಟಿಸಿದ ಹಲ್ಲು ಹಾಕ್ಕೋಬಹುದಿತ್ತಲ್ಲ ಅಂದ್ರೆ, ಅದಕ್ಕೂ ಒಂದು ಕತೆ ಇದೆ. ಕಣಿವೆ ಕೆಳಗಿನ ಊರ ಬ್ಯಾಂಡಲ್ಲಿ ಟ್ರಾಂಬೋನ್ ಊದೋನೊಬ್ಬ ಕಟ್ಟಿಸಿದ ಹಲ್ಲು ಹಾಕ್ಕೊಂಡು ಊದಕ್ಕೆ ಹೋಗಿ, ಹಲ್ಲಿನ ಸೆಟ್ಟು ಪೂರ್ತಿ ಟ್ರಾಂಬೋನ್ ಒಳಕ್ಕೆ ಹೋಯ್ತು. ಇವತ್ತಿಗೂ ಬಂದಿಲ್ಲ. ಅವನು ಯಾವ ಹಾಡು ಊದಿದ್ರೂ ಒಳಗಿಂದ ಯಾರೋ ಕಡಲೆಬೀಜ ಅಗೀತಿರೋ ಸದ್ದು.

ಆ ಸೆಪ್ಟೆಂಬರಲ್ಲೇ ಒಂದು ದಿನ ಏಳೋ ಕರೆಯ ಮಧ್ಯದಲ್ಲಿ ಸ್ವರ ಒಡೀತು. ಮಲಗಿದ್ದ ಹುಡುಗರಿಗೆ ಗೊತ್ತಾಗ್ಲಿಲ್ಲ. ಆದ್ರೆ ಕಾಲೇಜಿನ ಯಜಮಾನ ಕರ್ನಲ್ ಗ್ರಿಗ್ಸ್‌ಬಿ ಎದ್ದಿದ್ರು. ಆ ಮನುಷ್ಯ ನಿದ್ದೆಯಲ್ಲೂ ಅಟೆನ್ಶನ್ನಲ್ಲೇ ಮಲಗೋನು. ಜೂಬಲ್‌ನ ಕರೆಸಿದ್ರು.

“ಸ್ವೆಕರ್, ಇವತ್ತು ಬೆಳಿಗ್ಗೆ ಬ್ಯೂಗಲ್ ಊದಿದ್ಯೋ, ಹಂದಿ ತುಳಿದ್ಯೋ?”

“ಮೂತಿ ತಣ್ಣಗಿತ್ತು ಸರ್.”

“ಬ್ಯೂಗಲಿಂದೋ ನಿಂದೋ?”

“ಇಬ್ಬರದೂ ಸರ್.”

“ನೋಡು. ಇನ್ನೂರೈವತ್ತು ಹುಡುಗರು ಗಡಿಯಾರ ನಂಬ್ಕೊಂಡಿಲ್ಲ, ನಿನ್ನ ನಂಬ್ಕೊಂಡಿದಾರೆ. ಇನ್ನೊಂದು ಸಲ ಕರೆ ತಪ್ಪಿದ್ರೆ, ಸೊಟ್ಟ ಬಂದ್ರೆ, ಬ್ಯೂಗಲ್ ತಂದು ಈ ಮೇಜಿನ ಮೇಲೆ ಇಡ್ತೀಯ. ಆಯ್ತಾ?”

“ಆಯ್ತು ಸರ್.”

ಮನೆಗೆ ಬಂದು ಕನ್ನಡಿ ಮುಂದೆ ಬಾಯಿ ತೆರ್ಕೊಂಡು ನಿಂತ. ನಾಲಿಗೆಯಲ್ಲಿ ಮುಟ್ಟಿದ್ರೆ ಹಲ್ಲು ಹಳೇ ಗೇಟಿನ ಥರ ಆ ಕಡೆ ಈ ಕಡೆ. ಓರ್ಲೀನಾ ಹಿಂದೆ ಬಂದು ನಿಂತಳು. ಸಿಟ್ಟು ಬಂದಾಗ ಅವಳು ಗಂಡನ್ನ ‘ಮಿಸ್ಟರ್ ಸ್ವೆಕರ್’ ಅಂತ ಕರೆಯೋಳು.

“ಮಿಸ್ಟರ್ ಸ್ವೆಕರ್, ಅದನ್ನ ಕೀಳಿಸಿ ಬಿಸಾಕು. ಅರವತ್ತಾಯ್ತು ನಿಂಗೆ.”

“ಕಿತ್ರೆ ಊದೋದು ಯಾರು? ನೀನಾ?”

“ನಾನು ಬಾಯಿ ಬಿಟ್ರೆ ಸಾಕು, ಬ್ಯೂಗಲ್ ಯಾಕೆ?”

“ಅದೂ ಸರೀನೆ. ಆದ್ರೆ ನೀನು ಬಾಯಿ ಬಿಟ್ರೆ ಬಾವುಟ ಭಯಕ್ಕೇ ಇಳಿಯತ್ತೆ.”

ಅವಳು ನಗ್ಲಿಲ್ಲ. ಮಂಚದ ತಲೆ ಹತ್ರ ಮೊಳೆಗೆ ನೇತಾಕಿದ್ದ ಬ್ಯೂಗಲ್ ಕಡೆ ನೋಡಿದ್ಲು. ಅವಳು ಮದುವೆಯಾಗಿ ಬಂದಾಗಿಂದ ಅದು ಅಲ್ಲೇ ಇತ್ತು. ಬೆಳಿಗ್ಗೆ ಎದ್ದು ಅವನು ಮೊದಲು ಮುಟ್ಟೋದು ಅದನ್ನೇ, ಅವಳನ್ನಲ್ಲ. ಅದಿಲ್ಲದಿದ್ರೆ ಈ ಮನುಷ್ಯ ಏನಾಗ್ತಾನೆ ಅಂತ ಅವಳಿಗೆ ಗೊತ್ತಿತ್ತು. ಅವತ್ತಿಂದ ಗಂಡನಿಗೆ ಮೆಕ್ಕೆಜೋಳದ ಗಂಜಿ, ಕುಕ್ಕಿದ ಗೆಣಸು. ಅಗಿಯೋ ಪದಾರ್ಥ ಮನೆಯೊಳಕ್ಕೆ ಬರ್ಲೇ ಇಲ್ಲ. ಜೂಬಲ್ ಜೋರಾಗಿ ನಗೋದು ಬಿಟ್ಟ, ಸೀನು ಬಂದ್ರೆ ಬಾಯಿಗೆ ಕೈ ಒತ್ಕೊಂಡು ಕಿವಿಯಿಂದ ಸೀನೋನು. ನವೆಂಬರ್ ಕೊನೇಲಿ ಬರೋ ಥ್ಯಾಂಕ್ಸ್‌ಗಿವಿಂಗ್ ಹಬ್ಬದ ತನಕ ಹಲ್ಲು ನಿಂತ್ರೆ ಸಾಕು, ಆಮೇಲೆ ಚಳಿಗಾಲದ ರಜೆ ಬರತ್ತೆ, ಅಷ್ಟರಲ್ಲಿ ಮೂಲೆ ಹಲ್ಲಿಗೆ ತುಟಿ ಒರಗಿಸಿ ಊದೋದನ್ನ ಕಲ್ತ್ಕೋಬಹುದು ಅನ್ನೋದು ಅವನ ಲೆಕ್ಕ.

ಅದೇ ಹೊತ್ತಿಗೆ ಕಾಲೇಜಲ್ಲಿ ಫುಟ್‌ಬಾಲ್ ಹಂಗಾಮು ಶುರುವಾಯ್ತು. ಆ ಆಟಕ್ಕೆ ಫುಟ್‌ಬಾಲ್ ಅಂತ ಹೆಸರಿಟ್ಟೋನು ಯಾವ ಪುಣ್ಯಾತ್ಮನೋ, ಚೆಂಡನ್ನ ಕಂಕುಳಲ್ಲಿ ಅವಚ್ಕೊಂಡು ಎದುರಾಳಿಗಳ ಮೇಲೆ ಬಿದ್ದು ಓಡೋದೇ ಅದರಲ್ಲಿ ಮುಖ್ಯ ಕೆಲಸ. ಅವರ ಕಡೆ ಗೆರೆ ದಾಟಿಸಿದ್ರೆ ಐದು ಅಂಕ. ಕಂಬಗಳ ನಡುವೆ ಒದ್ದು ಹಾರಿಸಿದ್ರೆ ನಾಲ್ಕು. ಮೂಗು ಮುರ್ಕೊಂಡ್ರೆ ಏನೂ ಇಲ್ಲ.

ತಂಡಕ್ಕೆ ಕೋಚ್ ಹ್ಯಾಂಗರ್ ಅಂತ. ತೆಳ್ಳಗೆ ಒಣ ಸೌದೆ ಇದ್ದಂಗೆ ಇದ್ದ, ಹುಡುಗರೂ ಹಂಗೇ ಇರ್ಬೇಕು ಅನ್ನೋನು. ಹಂಗಾಮು ಮುಗಿಯೋ ತನಕ ತಂಡದೋರಿಗೆ ಪೈ ಇಲ್ಲ, ಗ್ರೇವಿ ಇಲ್ಲ, ಬೆಣ್ಣೆ ಇಲ್ಲ. ಬರೀ ಒಣ ಬ್ರೆಡ್ಡು, ಬೇಯಿಸಿದ ಮಾಂಸ. ಓರ್ಲೀನಾ ಉರಿದುಬಿದ್ಲು. “ನನ್ನ ಪೈ ತಿಂದು ಯಾವನಾದ್ರೂ ಸತ್ತಿದಾನಾ?” ಅಂತ ಕೋಚಿನ ಮುಖಕ್ಕೇ ಕೇಳಿದ್ಲು. “ಸತ್ತಿಲ್ಲ ಮೇಡಂ, ಓಡೋದು ಬಿಟ್ಟಿದಾರೆ” ಅಂದ ಅವನು. ತಂಡದ ನಾಯಕ ವಾಡೆಲ್ ಅಂತ, ಎತ್ತಿನಂಥ ಹುಡುಗ. ದಿನಾ ಅಡುಗೆಮನೆ ಕಿಟಕಿ ಹತ್ರ ಬಂದು ಪೈ ವಾಸನೆ ಎಳ್ಕೊಂಡು ಹೋಗೋನು. ವಾಸನೆಗೆ ಕೋಚ್ ಅಡ್ಡಿ ಹೇಳಿರ್ಲಿಲ್ಲ. ಆ ಹುಡುಗ ಎಷ್ಟು ಜೋರಾಗಿ ಉಸಿರೆಳ್ಕೊಳ್ತಿದ್ದ ಅಂದ್ರೆ ಪೈ ಮೇಲಿನ ಸಕ್ಕರೆ ಪುಡಿ ಕಿಟಕಿಯಿಂದ ಹಾರಿ ಹೋಗ್ತಿತ್ತಂತೆ.

ಅಕ್ಟೋಬರಲ್ಲಿ ಒಂದು ಆಟ ನಡೀತು, ಊರೆಲ್ಲ ನಗೋ ಹಂಗೆ. ಎದುರು ತಂಡದ ರೈಲು ತಡವಾಗಿ ಬಂದು ಆಟ ಸಂಜೆಗೆ ಹೋಯ್ತು. ಹೊತ್ತು ಮುಳುಗ್ತು. ಕಾಲೇಜಿನ ನಿಯಮ ಅಂದ್ರೆ ನಿಯಮ: ಜೂಬಲ್ ಬಾವುಟದ ಕರೆ ಊದಿದ. ನಮ್ಮ ಹನ್ನೊಂದು ಹುಡುಗರೂ ಇದ್ದಲ್ಲೇ ನೆಟ್ಟಗೆ ನಿಂತು ಬಾವುಟಕ್ಕೆ ಸೆಲ್ಯೂಟ್ ಹೊಡೆದ್ರು. ಬೇಕು ಅಂತ ನಿಂತಿದ್ದಲ್ಲ, ಕಾಲು ಹಂಗೆ ಕಲ್ತಿತ್ತು. ಒಬ್ಬ ನೆಗೆದಿದ್ದೋನು ಕರೆ ಮುಗಿಯೋ ತನಕ ನೆಲಕ್ಕೆ ಇಳೀಲಿಲ್ಲ ಅಂತಾರೆ. ಎದುರಾಳಿ ಹುಡುಗ ಚೆಂಡು ತಗೊಂಡು, ಸೆಲ್ಯೂಟ್ ಹೊಡ್ಕೊಂಡು ನಿಂತಿದ್ದೋರ ಮಧ್ಯೆ, ಸಂತೆಗೆ ಹೋಗೋನ ಥರ ನಡ್ಕೊಂಡು ಹೋಗಿ ಗೆರೆ ದಾಟಿದ.

ಕೋಚ್ ಓಡಿಹೋಗಿ ಕರ್ನಲ್ ಕಾಲಿಗೆ ಬೀಳೋದೊಂದು ಬಾಕಿ. “ಆಟದ ದಿನ ಕರೆ ಒಂದು ಗಳಿಗೆ ನಿಧಾನ ಮಾಡಿ ಸರ್.”

“ಸೂರ್ಯನಿಗೆ ಹೇಳಿ. ಅವನು ನಿಧಾನ ಮಾಡಿದ್ರೆ ನಾನೂ ಮಾಡ್ತೀನಿ.”

ಈ ಸುದ್ದಿ ಆಲ್ಡರ್‌ಶಾ ಕಾಲೇಜಿಗೂ ಹೋಯ್ತು. ಅವರದ್ದು ಸಾಮಾನ್ಯ ಕಾಲೇಜು, ಹುಡುಗರು ಎಂಟು ಗಂಟೆಗೆ ಏಳೋರು, ನಮ್ಮೋರನ್ನ ‘ಕೀಲಿಗೊಂಬೆಗಳು’ ಅಂತ ಆಡ್ಕೊಳ್ಳೋರು. ಹಬ್ಬದ ದಿನ ಅವರ ಜೊತೇನೇ ಹಂಗಾಮಿನ ಕೊನೇ ಆಟ. ಹಿಂದಿನ ನಾಲ್ಕು ವರ್ಷವೂ ಅವರೇ ಗೆದ್ದಿದ್ರು.

ಥ್ಯಾಂಕ್ಸ್‌ಗಿವಿಂಗ್ ದಿನ ಬೆಳಿಗ್ಗೆ ಜೂಬಲ್ ಹಲ್ಲು ದಾರದಲ್ಲಿ ನೇತಾಡ್ತಿದೆಯೇನೋ ಅನ್ನೋ ಹಂಗಿತ್ತು. ಆದ್ರೂ ಬೆಳಗಿನ ಕರೆಗಳೆಲ್ಲ ಸರಿಯಾಗಿ ಬಂದ್ವು.

“ಜೂಬ್, ಇವತ್ತು ಮೈದಾನದಲ್ಲಿ ಬಾಯಿ ಮುಚ್ಕೊಂಡು ನಿಲ್ಲು” ಅಂದ್ಲು ಓರ್ಲೀನಾ, ಮಫ್ಲರ್ ಸುತ್ತುತ್ತಾ. “ಏನೇ ಆದ್ರೂ ಕೂಗ್ಬೇಡ. ಎರಡೇ ಕರೆ ಉಳಿದಿರೋದು. ಬಾವುಟದ್ದು, ಊಟದ್ದು.”

“ಕೂಗಲ್ಲ ಮಾರಾಯ್ತಿ.”

“ವಾಡೆಲ್ ಓಡಿದ್ರೂ ಕೂಗ್ಬೇಡ.”

“ವಾಡೆಲ್ ಹಾರಿದ್ರೂ ಕೂಗಲ್ಲ.”

ಮೈದಾನದ ಒಂದು ತುದಿಗೆ ಗೋಲು ಕಂಬ, ಅದರ ಬೆನ್ನಿಗೇ ಊಟದ ಹಾಲ್. ಕಿಟಕಿಗಳೆಲ್ಲ ತೆಗೆದಿದ್ವು. ಒಳಗೆ ಟರ್ಕಿ ಕೋಳಿ, ಗೆಣಸು, ಸಾಲಾಗಿ ಸೇಬಿನ ಪೈ, ಕುಂಬಳಕಾಯಿ ಪೈ. ಅವತ್ತು ರಾತ್ರಿ ಊಟಕ್ಕೆ ತಂಡದೋರಿಗೂ ಪೈ ಉಂಟು ಅಂತ ಕೋಚ್ ಮಾತು ಕೊಟ್ಟಿದ್ದ. ಆ ಕಾಲೇಜಲ್ಲಿ ಒಂದು ಪದ್ಧತಿ, ಊಟದ ಕರೆ ಆದ್ಮೇಲೆ ಮೇಜಿಗೆ ಯಾರು ಕೊನೇಗೆ ಬರ್ತಾರೋ ಅವರ ಪೈ ಉಳಿದೋರ ಪಾಲು. ಹಂಗಾಗಿ ಊಟದ ಕರೆಗೆ ಹುಡುಗರು ಓಡೋದನ್ನ ನೋಡಿದ್ರೆ ಕುದುರೆಗಳೂ ದಾರಿ ಬಿಡ್ತಿದ್ವು.

ಆಟದ ಮೊದಲರ್ಧದಲ್ಲೇ ಆಲ್ಡರ್‌ಶಾದೋರು ಒಂದು ಒದ್ದು ಹಾರಿಸಿ ನಾಲ್ಕು ಅಂಕ ತಗೊಂಡ್ರು. ನಮ್ಮದು ಸೊನ್ನೆ. ಎರಡನೇ ಅರ್ಧದಲ್ಲಿ ಅವರು ಆಡಿದ್ದಕ್ಕಿಂತ ಹೊತ್ತು ಕಳೆದಿದ್ದೇ ಹೆಚ್ಚು. ಒಬ್ಬ ಬೂಟಿನ ದಾರ ಕಟ್ಟೋನು, ಒಬ್ಬ ಹೊಟ್ಟೆ ಹಿಡ್ಕೊಂಡು ಬೀಳೋನು, ನಾಯಕ ಅಂಪೈರ್ ಹತ್ರ ಹೋಗಿ ಹವಾಮಾನದ ಬಗ್ಗೆ ಮಾತಾಡೋನು. ಎಲ್ಲರ ಕಣ್ಣೂ ಸೂರ್ಯನ ಮೇಲೆ. ಬಾವುಟದ ಕರೆ ಆಗ್ಲಿ, ಕೀಲಿಗೊಂಬೆಗಳು ನಿಲ್ಲಲಿ ಅಂತ.

ಜೂಬಲ್ ಬಾವುಟದ ಕಂಬದ ಹತ್ರ ಬಾಯಿ ಬಿಗಿದು ನಿಂತಿದ್ದ. ಪಕ್ಕದಲ್ಲಿ ಕರ್ನಲ್, ಕೈಯಲ್ಲಿ ವಾಚು. ಅತ್ತ ಕಡೆ ಸಂಜೆ ಫಿರಂಗಿ. ಬಾವುಟ ಇಳಿಯುವಾಗ ಹಗ್ಗ ಎಳೆದು ಅದನ್ನ ಹಾರಿಸ್ಬೇಕು. ಹಾರಿಸೋ ಮುದುಕ ಬೇಸಿಗೆಯಲ್ಲೇ ಮಗಳ ಊರಿಗೆ ಹೋಗಿದ್ದ, ಆಮೇಲಿಂದ ಹುಡುಗರೇ ಸರದಿ ಮೇಲೆ ಹಾರಿಸಿ ಒಬ್ಬೊಬ್ಬರಾಗಿ ಹುಬ್ಬು ಸುಟ್ಕೊಳ್ತಿದ್ರು.

ಆಗ ವಾಡೆಲ್ ಚೆಂಡು ಹಿಡ್ಕೊಂಡು ಹೊರಟ. ಒಬ್ಬನ್ನ ಕೆಡವಿದ, ಇಬ್ಬರನ್ನ ಬೆನ್ನಿಗೆ ನೇತಾಕ್ಕೊಂಡೇ ಓಡಿದ, ಅರ್ಧ ಮೈದಾನ ದಾಟಿದ. ಊಟದ ಹಾಲ್ ಕಡೆಯ ಗೆರೆಗೆ ಇನ್ನು ನಾಲ್ಕು ಹೆಜ್ಜೆ ಅನ್ನುವಾಗ ಅವನನ್ನ ಬೀಳಿಸಿದ್ರು. ಆದ್ರೆ ಅಷ್ಟರಲ್ಲಿ ಆಗೋದು ಆಗೋಗಿತ್ತು. ಸೆಪ್ಟೆಂಬರಿಂದ ಒಂದು ನಗು ನಗದ, ಒಂದು ಸೀನು ಸೀನದ ಜೂಬಲ್ ಸ್ವೆಕರ್ ಎರಡೂ ಕೈ ಮೇಲೆತ್ತಿ, “ಓಡೋ ನನ್ನಪ್ಪಾ, ಓಡೋ!” ಅಂತ ಗುಡ್ಡ ಮಾರ್ದನಿಸೋ ಹಂಗೆ ಕೂಗಿಬಿಟ್ಟಿದ್ದ. ಅವನ ಬಾಯಿಂದ ಬೆಳ್ಳಗೆ ಏನೋ ಒಂದು ಹಾರ್ತು. ಹುಲ್ಲಲ್ಲಿ ಬಿತ್ತು.

ನಾಲಿಗೆಯಲ್ಲಿ ಮುಟ್ಟಿ ನೋಡಿದ. ಗೇಟಿಲ್ಲ. ಬರೀ ಬಯಲು.

“ಬಾವುಟ” ಅಂದ್ರು ಕರ್ನಲ್, ವಾಚು ಮುಚ್ಚುತ್ತಾ.

ಮೈದಾನದಲ್ಲಿ ಎರಡೂ ತಂಡ ಎದುರುಬದುರು ಬಗ್ಗಿ ನಿಂತಿದ್ವು. ಆಲ್ಡರ್‌ಶಾ ಹುಡುಗರು ಜೂಬಲ್ ಬ್ಯೂಗಲ್ ಎತ್ತಿದ್ದು ನೋಡಿ ಮೈ ಸಡಿಲ ಬಿಟ್ರು. ಒಬ್ಬ ಆಗ್ಲೇ ಟೋಪಿ ಬಿಚ್ತಿದ್ದ. ಜೂಬಲ್ ಬ್ಯೂಗಲ್ ತುಟಿಗಿಟ್ಟ. ತುಟಿ ಒಳಕ್ಕೆ ಕುಸೀತು. ಬಾವುಟದ ಕರೆ ನಿಧಾನದ್ದು, ಮೇಲಿನ ಸ್ವರ ಹಿಡಿದು ನಿಲ್ಲಿಸ್ಬೇಕು. ಮೇಲಿನ ಸ್ವರ ಬರ್ಲೇ ಇಲ್ಲ. ಗಾಬರಿಯಾಗಿ ಇನ್ನೂ ಜೋರಾಗಿ ಊದಿದ. ಸ್ವರಗಳು ಒಂದರ ಮೇಲೊಂದು ಬಿದ್ದು, ಎಡವಿ, ತಗ್ಗಿದ ದನಿಯಲ್ಲಿ ಟುರುಟುರು ಅಂತ ಉರುಳ್ಕೊಂಡು ಬಂದ್ವು. ಕೇಳೋರ ಕಿವಿಗೆ ಅದು ಥೇಟ್ ಊಟದ ಕರೆ!

ಅದೇ ಕ್ಷಣಕ್ಕೆ ಚೆಂಡು ವಾಡೆಲ್ ಕೈಗೆ ಬಂದಿತ್ತು. ಅವನ ತಲೆಗೆ ಕೇಳಿಸಿತೋ ಇಲ್ವೋ, ಕಾಲಿಗೆ ಕೇಳಿಸಿತು. ಮೂರು ತಿಂಗಳಿಂದ ಪೈ ಕಾಣದ ಹನ್ನೊಂದು ಹೊಟ್ಟೆಗಳು ಒಟ್ಟಿಗೆ ನುಗ್ಗಿದ್ವು. ಆಲ್ಡರ್‌ಶಾದೋರು ಸೆಲ್ಯೂಟ್ ಕಾಯ್ತಿದ್ರು, ಸಿಕ್ಕಿದ್ದು ಮೊಣಕೈ. ಗೆರೆ ದಾಟಿದ್ದು ನಮ್ಮ ಹುಡುಗರಿಗೆ ಗೊತ್ತೇ ಆಗ್ಲಿಲ್ಲ. ಗೋಲು ಕಂಬ ದಾಟಿ, ಮೆಟ್ಟಿಲು ಹತ್ತಿ, ಊಟದ ಹಾಲಿಗೆ ನುಗ್ಗಿ, ಅವರವರ ಕುರ್ಚಿ ಹಿಂದೆ ನಿಂತಾಗ್ಲೇ ಅವರಿಗೆ ಎಚ್ಚರ ಆಗಿದ್ದು. ವಾಡೆಲ್ ಕೈಯಲ್ಲಿ ಇನ್ನೂ ಚೆಂಡಿತ್ತು. ಏನು ಮಾಡ್ಬೇಕು ಅಂತ ತೋಚದೆ ಟರ್ಕಿ ತಟ್ಟೆ ಪಕ್ಕದಲ್ಲಿ ಇಟ್ಟ.

“ಅದನ್ನ ಯಾರು ಬೇಯ್ಸೋದು?” ಅಂದ್ಲು ಓರ್ಲೀನಾ.

ಹೊರಗಡೆ ಜಗಳ ಹತ್ಕೊಂಡಿತ್ತು. ಆಲ್ಡರ್‌ಶಾ ನಾಯಕ ಕುಣೀತಿದ್ದ. “ಇದು ಮೋಸ! ಹೊರಗೆ ನಿಂತೋರು ಆಟಗಾರರಿಗೆ ಸೂಚನೆ ಕೊಡೋ ಹಂಗಿಲ್ಲ. ಇನ್ನೂ ಊಟದ ಹೊತ್ತಲ್ಲ, ಆದ್ರೂ ಊಟದ ಕರೆ ಊದಿದಾನೆ!”

ಅಂಪೈರ್ ಮಿಸ್ಟರ್ ಪೆಕ್ ಪಕ್ಕದೂರಲ್ಲಿ ಔಷಧಿ ಅಂಗಡಿ ಇಟ್ಟಿದ್ದೋನು, ನ್ಯಾಯದ ಮನುಷ್ಯ. ಬಾವುಟದ ಕಂಬದ ಹತ್ರ ಬಂದ.

“ನೋಡಿ ಮಿಸ್ಟರ್ ಸ್ವೆಕರ್, ನೀವು ಊಟದ ಕರೆಯನ್ನೇ ಊದಿದ್ರೆ ಅದು ಸೂಚನೆ ಕೊಟ್ಟಂಗೆ, ಐದು ಅಂಕ ಇಲ್ಲ. ಬಾವುಟದ ಕರೆ ಊದೋಕೆ ಹೋಗಿ ಕೆಟ್ಟಿದ್ರೆ ಅದು ಆಕಸ್ಮಿಕ, ಗಾಳಿ ಬೀಸಿದಂಗೆ. ಅಂಕ ಉಳೀತದೆ. ಯಾವುದು ಊದಿದ್ರಿ?”

ಜೂಬಲ್ ಬಾಯಿ ಮುಚ್ಕೊಂಡೇ ಕರ್ನಲ್ ಮುಖ ನೋಡಿದ. ಕರ್ನಲ್ ಕೂಡ ಅವನನ್ನೇ ನೋಡ್ತಿದ್ರು. ಹೊತ್ತು ತಪ್ಪಿ ಊಟದ ಕರೆ ಊದಿದೆ, ಟರ್ಕಿ ವಾಸನೆಗೆ ತಲೆ ತಿರುಗ್ತು ಅಂದ್ರೆ, ಹಬ್ಬದ ದಿನ ಒಂದಷ್ಟು ಬೈಗುಳದಲ್ಲಿ ಮುಗಿದ್ರೂ ಮುಗೀಬಹುದು. ಸ್ವರ ಸ್ವಚ್ಛ ಇದೆ, ಬುದ್ಧಿ ಮಾತ್ರ ಕೆಟ್ಟಿತ್ತು ಅಂತ. ಹಲ್ಲಿನ ಸುದ್ದಿ ಓರ್ಲೀನಾ ಬಿಟ್ರೆ ಯಾರಿಗೂ ಗೊತ್ತಿಲ್ಲ. ಬಾವುಟದ ಕರೆ ಸೊಟ್ಟ ಬಂತು ಅಂದ್ರೆ, ಮೇಜಿನ ಮೇಲೆ ಬ್ಯೂಗಲ್.

ಊಟದ ಹಾಲಿನ ಬಾಗಿಲಲ್ಲಿ ಹನ್ನೊಂದು ಹುಡುಗರು ಬಂದು ನಿಂತಿದ್ರು. ಯಾರೂ ಇನ್ನೂ ಪೈ ಮುಟ್ಟಿರ್ಲಿಲ್ಲ. ವಾಡೆಲ್ ಮೂಗಲ್ಲಿ ರಕ್ತ ಸೋರ್ತಿತ್ತು, ಒರೆಸ್ಕೊಂಡಿರ್ಲಿಲ್ಲ.

ಜೂಬಲ್ ಬಾಯಿ ತೆಗೆದ. ಬೆರಳಿಟ್ಟು ತೋರಿಸಿದ.

“ಬಾವುಟದ ಕರೆ ಥರ್” ಅಂದ. ಹಲ್ಲಿಲ್ಲದೆ ‘ಸ’ ಬರ್ತಿರ್ಲಿಲ್ಲ. “ಥೊಟ್ಟ ಬಂತು. ಹಲ್ಲು ಬಿದ್ದೋಯ್ತು ಥರ್.”

ಮಿಸ್ಟರ್ ಪೆಕ್ ಬಗ್ಗಿ ನೋಡಿದ, ಔಷಧಿ ಅಂಗಡಿಯೋನಲ್ವೇ. “ಈಗಷ್ಟೇ ಬಿದ್ದಿರೋದು, ರಕ್ತ ಇದೆ” ಅಂದ. ತಿರುಗಿ ಕೈ ಎತ್ತಿ ಕೂಗಿದ: “ಐದು! ಲಾರೆಲ್ ಗ್ಯಾಪ್ ಐದು, ಆಲ್ಡರ್‌ಶಾ ನಾಲ್ಕು! ಆಟ ಮುಗೀತು!”

ಆಗೆದ್ದ ಗಲಾಟೆಯಲ್ಲಿ ಫಿರಂಗಿ ಸರದಿಯ ಹುಡುಗ ಹಗ್ಗ ಎಳೆದುಬಿಟ್ಟ, ಅವನ ಹುಬ್ಬೂ ಹೋಯ್ತು. ಕರ್ನಲ್ ಕರೆ ಇಲ್ಲದೇನೇ ಬಾವುಟ ಇಳಿಸಿದ್ರು. ಮಡಿಸಿ ಕಂಕುಳಿಗೆ ಇಟ್ಕೊಂಡು ಜೂಬಲ್ ಕಡೆ ಕೈ ಚಾಚಿದ್ರು. ಜೂಬಲ್ ಬ್ಯೂಗಲಿನ ಮೂತಿ ತೋಳಿಗೆ ಒರೆಸಿ, ಆ ಕೈಗೆ ಕೊಟ್ಟ.

ಅವತ್ತು ಹುಡುಗರು ಅವನನ್ನ ಕರ್ಕೊಂಡು ಹೋಗಿ ತಂಡದ ಮೇಜಿಗೇ ಕೂರಿಸಿದ್ರು. ವಾಡೆಲ್ ತನ್ನ ಪೈ ಒಡೆದು, ಮೇಲಿನ ಗಟ್ಟಿ ಪದರ ತಾನು ತಿಂದು, ಒಳಗಿನ ಮೆತ್ತಗಿನ ಸೇಬೆಲ್ಲ ಅವನ ತಟ್ಟೆಗೆ ಸುರಿದ. “ತಿನ್ನಿ ಸಾರ್ಜೆಂಟ್. ಇನ್ನು ಹಲ್ಲು ಕಾಯೋ ಕೆಲಸ ಇಲ್ವಲ್ಲ.”

“ಇಲ್ಲ ಕಣಪ್ಪ” ಅಂದ ಜೂಬಲ್. ತಿಂದ. ಮನೆಗೆ ಬಂದು ಮಂಚದ ತಲೆ ಹತ್ರ ಬರೀ ಮೊಳೆ ನೋಡ್ಕೊಂಡು ಬಹಳ ಹೊತ್ತು ಕೂತ. ಓರ್ಲೀನಾ ಬಂದು ಆ ಮೊಳೆಗೆ ತನ್ನ ಏಪ್ರನ್ ನೇತಾಕಿದ್ಲು. ಕೂಗಿದ್ಯಾಕೆ ಅಂತ ಮಾತ್ರ ಅವಳು ಅವತ್ತೂ ಕೇಳ್ಲಿಲ್ಲ, ಆಮೇಲೂ ಕೇಳ್ಲಿಲ್ಲ.

ಸೋಮವಾರ ಕರ್ನಲ್ ಕರೆಸಿದ್ರು. ಮೇಜಿನ ಮೇಲೆ ಬ್ಯೂಗಲ್ ಇತ್ತು. ಜೂಬಲ್ ಅದನ್ನ ನೋಡದ ಹಂಗೆ ನಿಂತ.

“ಇನ್ಮೇಲೆ ಇದನ್ನ ಹುಡುಗರಲ್ಲಿ ಒಬ್ಬ ಊದ್ತಾನೆ, ಸ್ವೆಕರ್.”

“ಆಯ್ತು ಥರ್.”

“ನನ್ನ ಫಿರಂಗಿಗೆ ಒಬ್ಬ ಮನುಷ್ಯ ಬೇಕು. ಕಾಲೇಜಲ್ಲಿ ಹುಬ್ಬಿರೋ ಹುಡುಗರೇ ಉಳಿದಿಲ್ಲ. ಹಗ್ಗ ಎಳೆಯೋಕೆ ಹಲ್ಲು ಬೇಕಾ?”

“ಹಲ್ಲಲ್ಲೇ ಎಳೀದಿದ್ರೆ ಬೇಡ ಥರ್.”

ಹಂಗಾಗಿ ಜೂಬಲ್ ಸ್ವೆಕರ್ ಸಾಯೋ ತನಕ ಸಂಜೆ ಫಿರಂಗಿ ಹಾರಿಸ್ದ. ಮೂರೇ ವರ್ಷಕ್ಕೆ ಕಿವಿ ಮಂದವಾಯ್ತು. ಓರ್ಲೀನಾ ಬೈದಿದ್ದಕ್ಕೆಲ್ಲ ಹೌದು ಹೌದು ಅಂತ ತಲೆ ಆಡಿಸ್ತಿದ್ದ, ಸಂಸಾರ ಮೊದಲಿಗಿಂತ ಚೆನ್ನಾಗಿ ನಡೀತು. ಊರಲ್ಲಿ ಗಡಿಯಾರದ ಅಂಗಡಿ ಶುರುವಾಗಿದ್ದು ಆಗಲೇ. ಬ್ಯೂಗಲ್ ಊದೋ ಹುಡುಗ ವರ್ಷವರ್ಷ ಬದಲಾಗೋನು, ಒಬ್ಬೊಬ್ಬನ ಬೆಳಗು ಒಂದೊಂದು ಥರ. ಹುಂಜಗಳೂ ಮತ್ತೆ ಕೂಗೋಕೆ ಶುರು ಮಾಡಿದ್ವು, ಆದ್ರೆ ಅಭ್ಯಾಸ ತಪ್ಪಿ ಮಧ್ಯಾಹ್ನ ಕೂಗ್ತಿದ್ವು.

ಸಂಜೆ ಬಾವುಟ ಇಳಿಯುವಾಗ ಫಿರಂಗಿ ಪಕ್ಕ ಹಗ್ಗ ಹಿಡ್ಕೊಂಡು ನಿಂತ ಮುದುಕನ್ನ ಹತ್ತಿರದಿಂದ ನೋಡಿದೋರಿಗೆ ಒಂದು ವಿಷಯ ಕಾಣ್ತಿತ್ತು. ಕರೆ ಅವನಿಗೆ ಕೇಳಿಸ್ತಿರ್ಲಿಲ್ಲ. ಆದ್ರೂ ಹುಡುಗ ಮೇಲಿನ ಸ್ವರಕ್ಕೆ ಬರೋ ಗಳಿಗೆಗೆ ಸರಿಯಾಗಿ ಮುದುಕನ ತುಟಿ ಬಿಗಿಯೋದು, ಸ್ವರ ಮುಗಿಯೋ ತನಕ ಹಂಗೇ ಹಿಡ್ಕೊಂಡಿರೋದು, ಆಮೇಲೆ ಸಡಿಲಾಗೋದು. ಅದಾದ್ಮೇಲೇನೇ ಅವನು ಹಗ್ಗ ಎಳೀತಿದ್ದಿದ್ದು.